ಎಡ ಮಗ್ಗುಲಿನ ಒಂಬತ್ತು ವೋಲ್ಟು

ನನ್ನ ಎಡಗೈ ತಾಕಿದರೆ ಕರೆಂಟು ಒಳಗೆ ಹೋಗುವುದಿಲ್ಲ ಎಂದು ನಮ್ಮ ಮನೆಯಲ್ಲಿ ಮೂರು ವಾರ ನಂಬಿದ್ದರು. ನಗಬೇಡಿ. ನಂಬಿದವರಲ್ಲಿ ಮೊದಲಿಗರು ನನ್ನ ಭಾವ, ಅಂದರೆ ಗಂಡನ ಅಣ್ಣ. ಲಾರಿಗಳ ವೈರಿಂಗು ಬಿಚ್ಚಿ ಕಟ್ಟುತ್ತಲೇ ತಲೆ ಬೆಳ್ಳಗೆ ಮಾಡಿಕೊಂಡವರು. ಗಾಡಿಯ ಲೈಟು ಆರಿದ್ದಕ್ಕೆ ಯಾರದೋ ಕಣ್ಣು ಬಿದ್ದಿದೆ ಎಂದು ಡ್ರೈವರುಗಳು ಅಂದರೆ, ಕಣ್ಣೂ ಇಲ್ಲ ಮಣ್ಣೂ ಇಲ್ಲ, ಫ್ಯೂಸು ಹೋಗಿದೆ ಎಂದು ಗದರಿಸುವವರು. ಅಂಥವರು ತಮ್ಮನ ಹೆಂಡತಿಯ ಕೈ ಬಂದಾಗ ಫ್ಯೂಸನ್ನು ಮರೆತರು. ಆ ಸಿಟ್ಟು ನನಗಿನ್ನೂ ಇಳಿದಿಲ್ಲ, ಇಳಿಸಿಕೊಳ್ಳುವ ಆಸೆಯೂ ಇಲ್ಲ.

ಬಸವಕಲ್ಯಾಣದ ರಸ್ತೆ ಹೆದ್ದಾರಿಗೆ ಬಂದು ಕೂಡುವ ಕ್ರಾಸಿಗೆ ಎಲ್ಲರೂ ಬಂಗ್ಲಾ ಎನ್ನುತ್ತಾರೆ. ಅಲ್ಲಿಯ ಲಾರಿ ರಿಪೇರಿ ಸಾಲಿನಲ್ಲಿ ನಮ್ಮದು ಬ್ಯಾಟರಿ, ಸೆಲ್ಫು, ಡೈನಮೋ ಅಂಗಡಿ. ನನ್ನ ಗಂಡ ಲಾರಿಯ ಮೇಲೆ ಪುಣೆ, ಹೈದರಾಬಾದ್ ಎಂದು ತಿರುಗುವವನು, ಎಂಟು ಹತ್ತು ದಿನಕ್ಕೊಮ್ಮೆ ಮನೆ ಕಾಣುತ್ತಾನೆ. ಅಂಗಡಿ ಭಾವನದು. ದಾರಿಯಲ್ಲಿ ಕೆಟ್ಟು ನಿಂತ ಗಾಡಿಗಳ ಕಡೆ ಅವರು ಹೋದಾಗ ಗಲ್ಲಾಪೆಟ್ಟಿಗೆಯ ಮುಂದೆ ಕೂರುವವಳು ನಾನು. ಬರೀ ಕೂರುವುದಿಲ್ಲ. ತವರೂರು ದುಬಲಗುಂಡಿಯಿಂದ ದಿನಾ ಬಸ್ಸಿನಲ್ಲಿ ಹುಮನಾಬಾದಿಗೆ ಹೋಗಿ ಬಂದು ಎಲೆಕ್ಟ್ರಾನಿಕ್ಸ್ ಐಟಿಐ ಮುಗಿಸಿದವಳು ನಾನು. ಮದುವೆ ಮಾತಾಡಲು ಬಂದಾಗ ಆ ಸರ್ಟಿಫಿಕೇಟನ್ನು ಕೈಯಿಂದ ಕೈಗೆ ದಾಟಿಸಿ ಎಲ್ಲರೂ ಮೆಚ್ಚಿದ್ದರು. ಸ್ಕ್ರೂಡ್ರೈವರನ್ನು ನಾನು ಎಡಗೈಯಲ್ಲಿ ಹಿಡಿಯುತ್ತೇನೆ ಎಂದು ಗೊತ್ತಾದದ್ದು ಮದುವೆಯಾದ ಮೇಲೆ.

ಆ ಕೈಯ ಬಗ್ಗೆ ಮೊದಮೊದಲು ಸಣ್ಣ ಮಾತುಗಳಿದ್ದವು. ಗಿರಾಕಿಗೆ ಸಾಮಾನು ಎಡಗೈಯಲ್ಲಿ ಕೊಡಬೇಡ, ಅರಿಶಿನ ಕುಂಕುಮ ಎಡಗೈಯಲ್ಲಿ ಮುಟ್ಟಬೇಡ. ನಾನೂ ಒಪ್ಪಿಕೊಂಡೆ. ಕೊಡುವುದು ತೆಗೆದುಕೊಳ್ಳುವುದು ಬಲಗೈ, ಕೆಲಸ ಎಡಗೈ ಎಂದು ಪಾಲು ಮಾಡಿಕೊಂಡು ಬದುಕಿದೆ. ಆರು ವರ್ಷ ಹಾಗೇ ನಡೆಯಿತು. ಆಮೇಲೆ ಆ ಡಬ್ಬಿ ಕೆಟ್ಟಿತು.

ಡಬ್ಬಿ ಎಂದರೆ ಜಂಪ್ ಸ್ಟಾರ್ಟರು. ಇಟ್ಟಿಗೆಗಿಂತ ತುಸು ದೊಡ್ಡದು, ಎರಡು ಚಿಮಟಾಗಳು, ಒಂದು ಕೆಂಪು ಒಂದು ಕರಿ. ಬ್ಯಾಟರಿ ಸತ್ತ ಲಾರಿಗೆ ಅದರ ಚಿಮಟಾ ಕಚ್ಚಿಸಿ ಚಾವಿ ತಿರುಗಿಸಿದರೆ ಎಂಜಿನ್ನು ಎದ್ದು ಕೂರುತ್ತದೆ. ಅದಕ್ಕೂ ಮೊದಲು ಇಬ್ಬರು ಸೇರಿ ಹೆಣ ಹೊತ್ತಂತೆ ಬ್ಯಾಟರಿ ಹೊತ್ತುಕೊಂಡು ಹೋಗಬೇಕಿತ್ತು. ಇದನ್ನು ಬೈಕಿನ ಚೀಲದಲ್ಲಿ ಹಾಕಿಕೊಂಡು ಭಾವ ಒಬ್ಬರೇ ಹೋಗಿಬರತೊಡಗಿದರು. ಇನ್ನೊಂದು ಗುಣ, ಬೇಗ ತುಂಬುತ್ತದೆ. ಒಳಗೆ ಫಾಸ್ಟ್ ಚಾರ್ಜಿಂಗ್ ಬೋರ್ಡು ಇದೆ. ಎರಡು ತಾಸು ಚಾರ್ಜಿಗೆ ಹಾಕಿದರೆ ಆಯಿತು. ಅದರ ಪರದೆ ಮಾತ್ರ ಅರ್ಧ ನಿಮಿಷಕ್ಕೆ ಆರಿಹೋಗುತ್ತದೆ, ಚಾರ್ಜು ಆಗುತ್ತಿದ್ದರೂ ಸರಿ, ಆಗದಿದ್ದರೂ ಸರಿ. ಅಂಥ ಪರದೆ ಮಾಡಿದವನು ಒಂದು ದಿನ ನಮ್ಮ ಅಂಗಡಿಯಲ್ಲಿ ಕೂತು ನೋಡಬೇಕಿತ್ತು.

ದಸರೆ ಮುಗಿದು ವಾರವಾಗಿತ್ತು. ಸಂಜೆ ಅಂಗಡಿ ಮುಚ್ಚುವಾಗ ಡಬ್ಬಿಯನ್ನು ಚಾರ್ಜಿಗೆ ಹಾಕುವುದು ನನ್ನ ಕೆಲಸ, ಹಾಕಿದ್ದೆ. ಬೆಳಿಗ್ಗೆ ಭಾವ ಅದನ್ನು ಎತ್ತಿಕೊಂಡು ಟೋಲ್‌ನಾಕಾದ ಹತ್ತಿರ ನಿಂತಿದ್ದ ಲಾರಿಯ ಕಡೆ ಹೋದರು. ಟೊಮೇಟೊ ತುಂಬಿದ ಲಾರಿ. ಚಿಮಟಾ ಹಚ್ಚಿದರೆ ಡಬ್ಬಿಯಲ್ಲಿ ಜೀವವೇ ಇಲ್ಲ. ಡ್ರೈವರು ಬಾಯಿಗೆ ಬಂದಂತೆ ಅಂದನಂತೆ. ನಾಲ್ಕು ಜನರ ಮುಂದೆ ಮಾನ ಹೋಯಿತು ಎಂದು ಭಾವ ಕೆಂಡವಾಗಿ ಬಂದರು. ನಾನು ಹಾಕಿದ್ದೆ ಎಂದೆ. ಹಾಕಿದ್ದರೆ ಯಾಕೆ ತುಂಬಲಿಲ್ಲ ಎಂದರು.

ಅದೇ ವಾರ ಇನ್ನೆರಡು ಸಲ ಹಾಗೇ ಆಯಿತು. ಭಾವ ಮೆಕ್ಯಾನಿಕ್ಕಲ್ಲವೇ, ಪರೀಕ್ಷೆಗೆ ನಿಂತರು. ಮೂರು ಸಂಜೆ ಮೇಲಿಂದ ಮೇಲೆ. ನನ್ನ ಕೈಗೆ ಕೇಬಲ್ಲು ಕೊಟ್ಟರು, ಹಚ್ಚಿದೆ. ಒಂದು ತಾಸು ಬಿಟ್ಟು ಗುಂಡಿ ಒತ್ತಿದರೆ ಪರದೆಯ ಅಂಕಿ ಇದ್ದಲ್ಲೇ ಇತ್ತು. ತಾವು ಹಚ್ಚಿದರು, ಅಂಕಿ ಏರಿತು. ಬುತ್ತಿ ತಂದಿದ್ದ ಅತ್ತೆಯ ಕೈಯಿಂದ ಹಚ್ಚಿಸಿದರು, ಏರಿತು. ಪಕ್ಕದ ಟೈರ್ ಅಂಗಡಿಯವನು ಬಂದು ಹಚ್ಚಿದ, ಏರಿತು. ಮತ್ತೆ ನಾನು. ಇದ್ದಲ್ಲೇ. ಒಮ್ಮೆ ಆಗಿದ್ದರೆ ಕಾಗೆ ಕೂರುವುದಕ್ಕೂ ಟೊಂಗೆ ಮುರಿಯುವುದಕ್ಕೂ ಸರಿಹೋಯಿತು ಎನ್ನಬಹುದಿತ್ತು. ಮೂರು ದಿನವೂ ಕಾಗೆ ನಾನೇ. ಬಲಗೈಯಿಂದ ಹಚ್ಚಿ ನೋಡು ಎಂದು ಅತ್ತೆ ಅಂದರು. ಹಟ ಬಂದು ಹಚ್ಚಲಿಲ್ಲ.

ಭಾವ ಕೂಗಾಡಲಿಲ್ಲ. ಕೂಗಾಡಿದ್ದರೆ ನಾನೂ ಕೂಗಾಡುತ್ತಿದ್ದೆ. ಟೈರ್ ಅಂಗಡಿಯವನ ಎದುರೇ ತಣ್ಣಗೆ ಅಂದರು: "ನಿನ್ನ ಕೈಗುಣ ಬರೋಬ್ಬರಿ ಇಲ್ಲವ್ವಾ. ಇನ್ ಮ್ಯಾಲ ಡಬ್ಬಿ ಮುಟ್ಟಬ್ಯಾಡ."

ಅಷ್ಟಕ್ಕೇ ಮುಗಿದಿದ್ದರೆ ನಾನು ಈ ಕತೆ ಹೇಳುತ್ತಿರಲಿಲ್ಲ. ಡಬ್ಬಿ ಮುಟ್ಟದಿದ್ದರೆ ನನ್ನ ಗಂಟೇನು ಹೋಗುತ್ತದೆ. ಮರುದಿನ ಸಂಜೆ ಮನೆಗೆ ಬಂದಾಗ ನನ್ನ ನಾಲ್ಕು ವರ್ಷದ ಮಗಳು ಪಡಸಾಲೆಯಲ್ಲಿ ಕೂತಿದ್ದಳು. ಅವಳ ಎಡಗೈಗೆ ಮುಂಗೈಯಿಂದ ಬೆರಳ ತುದಿಯವರೆಗೆ ಹಳೆಯ ಧೋತರದ ಪಟ್ಟಿ ಸುತ್ತಿತ್ತು. ಗಾಯವೇನೋ ಎಂದು ಓಡಿಹೋಗಿ ಹಿಡಿದು ನೋಡಿದೆ. ಗಾಯವಲ್ಲ. ಅವಳೂ ನನ್ನಂತೆ ಎಡಗೈಯವಳು. ಬಳಪ, ಚಮಚ, ಗೊಂಬೆ ಎಲ್ಲಾ ಎಡಕ್ಕೇ. ಇದುವರೆಗೆ ಅತ್ತೆ ಅದನ್ನು ನೋಡಿಯೂ ನೋಡದಂತೆ ಇದ್ದರು. ಡಬ್ಬಿಯ ಸುದ್ದಿ ಕೇಳಿದ ಮೇಲೆ ಅವರಿಗೆ ಭಯ ಹತ್ತಿತು. ತಾಯಿಯ ಕೈ ಕೆಟ್ಟದ್ದು ಎಂದು ಸಾಬೀತಾಗಿದೆ, ಮಗುವಿನ ಕೈಯನ್ನಾದರೂ ಹಸಿ ಇದ್ದಾಗಲೇ ತಿರುಗಿಸೋಣ ಎಂಬ ಲೆಕ್ಕ.

ಅತ್ತೆ ಕೆಟ್ಟವರಲ್ಲ, ಅದೇ ನನ್ನ ತಾಪತ್ರಯ. ನಾನು ಅಂಗಡಿಯಲ್ಲಿದ್ದಾಗ ದಿನವಿಡೀ ಮಗುವನ್ನು ನೋಡಿಕೊಳ್ಳುವವರು ಅವರೇ. ಪಟ್ಟಿ ಸುತ್ತುವಾಗಲೂ ಬಿಗಿಯಾಯಿತೇನು ಕಂದಾ ಎಂದು ಕೇಳಿ ಕೇಳಿ ಸುತ್ತುತ್ತಿದ್ದರು. ಬಲಗೈಯಿಂದ ಉಂಡರೆ ರೊಟ್ಟಿಯ ಮೇಲೆ ಬೆಲ್ಲ ತುಪ್ಪ. ಅಂಥ ಪ್ರೀತಿಯ ಜೊತೆ ಜಗಳ ಹೇಗೆ ತೆಗೆಯುವುದು? ತೆಗೆದೆ. ಪಟ್ಟಿ ಬಿಚ್ಚಿ ಎಸೆದೆ. ನಾನು ಅಂಗಡಿಗೆ ಹೋದ ಮೇಲೆ ಮತ್ತೆ ಸುತ್ತಿದರು. ಮೂರು ದಿನ ನಾನು ಬಿಚ್ಚುವುದು, ಅವರು ಸುತ್ತುವುದು. ಕೊನೆಗೆ ಒಂದು ಮಾತು ಹೇಳಿದರು: "ನಿನ್ನ ಕೈದಾಗ ದೋಷ ಇಲ್ಲ ಅಂತ ತೋರಸು. ನಾನs ನನ್ನ ಕೈಲೆ ಬಿಚ್ತೀನಿ."

ಗಂಡನಿಗೆ ಫೋನು ಮಾಡಿದೆ. ಸೊಲ್ಲಾಪುರದ ಆಚೆ ಎಲ್ಲೋ ಇದ್ದ. ಅವ್ವ, ಅಣ್ಣ ಇಬ್ಬರೂ ಹೇಳುತ್ತಿದ್ದಾರೆ ಎಂದರೆ ಏನೋ ಇರಬೇಕು, ಬಂದ ಮೇಲೆ ನೋಡೋಣ ಎಂದ. ಬಂದ, ಉಂಡ, ಮಲಗಿದ, ಹೋದ. ಮಗಳು ಒಂದು ದಿನ ಸ್ನಾನ ಮಾಡಿಸುವಾಗ ಕೇಳಿದಳು: "ಅವ್ವಾ, ನನ್ನ ಈ ಕೈ ಹೊಲಸ ಅದೇನು?" ಸೋಪು ಕಣ್ಣಿಗೆ ಹೋದವಳಂತೆ ಮುಖ ತಿರುಗಿಸಿಕೊಂಡೆ.

ಇನ್ನೊಂದನ್ನು ಇಲ್ಲಿ ಒಪ್ಪಿಕೊಳ್ಳಬೇಕು. ಆ ದಿನಗಳಲ್ಲಿ ನನಗೂ ಅನುಮಾನ ಬಂದಿತ್ತು. ದುಬಲಗುಂಡಿಯಲ್ಲಿ ನನ್ನ ಅಜ್ಜಿ, ನಾನು ಎಡಗೈಯಲ್ಲಿ ನೆಟ್ಟ ಅವರೆ ಬಳ್ಳಿ ಹತ್ತುವುದಿಲ್ಲ ಎನ್ನುತ್ತಿದ್ದಳು, ಒಮ್ಮೆ ಹತ್ತಲಿಲ್ಲ. ಹತ್ತಿದ ವರ್ಷಗಳನ್ನು ಯಾರೂ ಎಣಿಸಿಡಲಿಲ್ಲ. ಐಟಿಐಯಲ್ಲಿ ಓಮ್‌ನ ನಿಯಮ ಬಾಯಿಪಾಠ ಮಾಡಿದವಳು ನಾನು, ಅಂಗಡಿಯಲ್ಲಿ ಕೂತು ನನ್ನ ಅಂಗೈಯನ್ನೇ ತಿರುಗಿಸಿ ತಿರುಗಿಸಿ ನೋಡಿಕೊಳ್ಳತೊಡಗಿದೆ. ನಾಚಿಕೆಗೇಡು. ಅವರ ಮೇಲಿನ ಸಿಟ್ಟಿಗಿಂತ ಈ ಸಿಟ್ಟು ದೊಡ್ಡದು.

ಒಂದು ಮಧ್ಯಾಹ್ನ ಭಾವ ಹೊಸ ಬ್ಯಾಟರಿ ತರಲು ಹುಮನಾಬಾದಿಗೆ ಹೋದರು. ಡಬ್ಬಿ ಅಂಗಡಿಯಲ್ಲೇ ಇತ್ತು. ಮುಟ್ಟಬೇಡ ಎಂದಿದ್ದರು, ಮುಟ್ಟಿದೆ. ನನ್ನ ಹತ್ತಿರ ಬೆರಳುದ್ದದ ಒಂದು ಮೀಟರಿದೆ, ಅಡಾಪ್ಟರು ಮತ್ತು ಕೇಬಲ್ಲಿನ ನಡುವೆ ಸಿಕ್ಕಿಸಿದರೆ ಎಷ್ಟು ವೋಲ್ಟು ಹೋಗುತ್ತಿದೆ ಎಂದು ತೋರಿಸುತ್ತದೆ. ಸಿಕ್ಕಿಸಿದೆ. ಎಡಗೈಯಿಂದ ಕೇಬಲ್ಲನ್ನು ಡಬ್ಬಿಗೆ ಹಚ್ಚಿದೆ. ಮೀಟರು ಒಮ್ಮೆ ಮಿಣುಕಿ ಆರಿತು. ಅಡಾಪ್ಟರು ಬದಲಿಸಿದೆ, ಹಾಗೇ. ಅದೇ ಅಡಾಪ್ಟರು, ಅದೇ ಕೇಬಲ್ಲು ನನ್ನ ಫೋನಿಗೆ ಹಚ್ಚಿದರೆ ಚಾರ್ಜು ಆಯಿತು. ತಪ್ಪು ಡಬ್ಬಿಯ ಒಳಗಿದೆ ಎಂದುಕೊಂಡೆ. ಆಮೇಲೆ ಹಟ ಬಿಟ್ಟು, ಬಲಗೈಯಿಂದ ಹಚ್ಚಿದೆ.

ಒಂಬತ್ತು ವೋಲ್ಟು.

ತೆಗೆದೆ. ಎಡಗೈಯಿಂದ ಹಚ್ಚಿದೆ, ಸೊನ್ನೆ. ಬಲಗೈ, ಒಂಬತ್ತು. ಎಡಗೈ, ಸೊನ್ನೆ. ಐದು ಸಲ ಮಾಡಿದೆ, ಐದು ಸಲವೂ ಹಾಗೇ. ಅತ್ತೆ ಹೇಳಿದ್ದೇ ಸರಿ, ಅಜ್ಜಿ ಹೇಳಿದ್ದೇ ಸರಿ, ಮಗುವಿನ ಕೈಗೆ ಪಟ್ಟಿ ಸುತ್ತಿದ್ದೇ ಸರಿ ಎಂದು ಒಂದು ಗಳಿಗೆ ಅನ್ನಿಸಿಬಿಟ್ಟಿತು. ಡಬ್ಬಿಯ ಎದುರು ನೆಲಕ್ಕೆ ಕೂತೆ.

ಕೂತಲ್ಲಿಂದ ಡಬ್ಬಿ ಕಣ್ಣಿನ ಮಟ್ಟಕ್ಕೆ ಬಂತು. ನಮ್ಮ ಕೇಬಲ್ಲಿನ ತಲೆ ನೇರವಾಗಿಲ್ಲ, ಮೊಣಕೈ ಮಡಚಿದ ಹಾಗೆ ಬಾಗಿದೆ. ಬಲಗೈಯಿಂದ ಹಚ್ಚಿದರೆ ವಯರು ಬಲಕ್ಕೆ ಇಳಿಬಿದ್ದಿರುತ್ತದೆ. ಎಡಗೈಯಿಂದ ಹಚ್ಚಿದರೆ ಎಡಕ್ಕೆ. ಅಂದರೆ ತಲೆ ಒಳಗೆ ಹೋಗುವಾಗ ಮಗ್ಗುಲು ಬದಲಾಗುತ್ತದೆ. ಎದ್ದೆ. ಬಲಗೈಯಲ್ಲೇ ಹಿಡಿದು, ವಯರನ್ನು ಬೇಕೆಂದೇ ಎಡಕ್ಕೆ ಮಾಡಿ ಹಚ್ಚಿದೆ. ಸೊನ್ನೆ. ಎಡಗೈಯಲ್ಲಿ ಹಿಡಿದು ವಯರನ್ನು ಬಲಕ್ಕೆ ಮಾಡಿ ಹಚ್ಚಿದೆ. ಒಂಬತ್ತು ವೋಲ್ಟು. ಕೈಗೂ ಇದಕ್ಕೂ ಸಂಬಂಧವೇ ಇರಲಿಲ್ಲ. ಯಾವ ಕೈಯಾದರೂ ಸರಿ, ಮಗ್ಗುಲು ಎಡವಾದರೆ ಡಬ್ಬಿ ಕರೆಂಟು ತೆಗೆದುಕೊಳ್ಳುತ್ತಿರಲಿಲ್ಲ.

ಅಳು ಬರಬೇಕಿತ್ತು, ಸಿಟ್ಟು ಬಂತು. ಇಷ್ಟಕ್ಕೆ ನನ್ನ ಮಗಳ ಕೈ ಕಟ್ಟಿದ್ದರು.

ಇಂಥ ಹೊಸ ಬಗೆಯ ಚಾರ್ಜಿಂಗ್ ಬಾಯಿಗೆ ಮೇಲು ಕೆಳಗು ಎಂಬುದಿಲ್ಲ, ಹೇಗೆ ಹಚ್ಚಿದರೂ ಹೋಗಿ ಕೂರುತ್ತದೆ. ಆದರೆ ಅದರೊಳಗೆ ಒಂದೇ ಕೆಲಸದ ಎರಡು ಪಿನ್ನುಗಳಿವೆ. ಒಂದು ಮಗ್ಗುಲಾದರೆ ಒಂದು, ತಿರುಗಿಸಿದರೆ ಇನ್ನೊಂದು. ನಾನು ಬಂದಿದ್ದೇನೆ, ನನಗೆ ಒಂಬತ್ತು ವೋಲ್ಟು ಬೇಕು ಎಂದು ಅಡಾಪ್ಟರಿಗೆ ತಿಳಿಸುವುದು ಆ ಪಿನ್ನಿನ ಕೆಲಸ. ತಿಳಿಸದಿದ್ದರೆ ಅಡಾಪ್ಟರು ಏನೂ ಕೊಡುವುದಿಲ್ಲ. ಎರಡರಲ್ಲಿ ಒಂದು ಪಿನ್ನು ಮೂಕವಾಗಿದೆ ಎಂಬುದು ನನಗೆ ಖಾತ್ರಿಯಾಯಿತು.

ಸಂಜೆ ಭಾವ ಬಂದ ಕೂಡಲೇ ತೋರಿಸಿದೆ. ಡಬ್ಬಿ ಮುಟ್ಟಿದ್ದಕ್ಕೆ ಮೊದಲು ಮುಖ ಗಂಟಿಕ್ಕಿದರು. ಆಮೇಲೆ ಮೀಟರು ನೋಡಿದರು, ತಾವೇ ಎಡಕ್ಕೊಮ್ಮೆ ಬಲಕ್ಕೊಮ್ಮೆ ಹಚ್ಚಿ ನೋಡಿದರು. ಈಗಾದರೂ ತಪ್ಪಾಯಿತು ಎನ್ನುತ್ತಾರೆ ಎಂದು ನಾನು ಕಾಯುತ್ತ ನಿಂತಿದ್ದೆ. ಅವರು ನಕ್ಕು ಅಂದರು: "ನೋಡಿದೇನು, ಮಷಿನಿಗೂ ಬಲಕ್ಕs ಬೇಕು. ಅದಕ್ಕs ಹಿರ್‍ಯಾರು ಹೇಳ್ಯಾರ."

ಆ ಮಾತಿಗೆ ನಾನು ಏನು ಹೇಳಿದೆನೋ ನೆನಪಿಲ್ಲ, ಒಳ್ಳೆಯದನ್ನಂತೂ ಹೇಳಿಲ್ಲ. ಕೆಟ್ಟ ಮಷಿನನ್ನು ಸಾಕ್ಷಿಗೆ ಕರೆದು, ಅದು ಕೆಟ್ಟಿರುವುದನ್ನೇ ಬುದ್ಧಿ ಎನ್ನುವವರಿಗೆ ಏನು ಹೇಳುವುದು. ಮನೆಯಲ್ಲಿ ಅತ್ತೆಗೂ ಅವರೇ ಹೋಗಿ ಹೇಳಿದರು. ಪಟ್ಟಿ ಇನ್ನೊಂದು ಸುತ್ತು ಹೆಚ್ಚಾಯಿತು. ಆ ಪಿನ್ನು ಯಾಕೆ ಮೂಕವಾಯಿತು ಎಂದು ಕಂಡುಹಿಡಿದು, ಅದನ್ನು ರಿಪೇರಿ ಮಾಡಿ, ಎಡಕ್ಕೂ ಒಂಬತ್ತು ವೋಲ್ಟು ತೋರಿಸದ ಹೊರತು ಆ ಗಂಟು ಬಿಚ್ಚುವುದಿಲ್ಲ ಎಂದು ಗೊತ್ತಾಯಿತು.

ತವರಿಗೆ ಹೋಗಿಬರುತ್ತೇನೆ ಎಂದು ಹೇಳಿ, ಚೀಲದಲ್ಲಿ ಸೀರೆಯ ಕೆಳಗೆ ಡಬ್ಬಿಯನ್ನಿಟ್ಟುಕೊಂಡು ಹುಮನಾಬಾದಿನ ಬಸ್ಸು ಹತ್ತಿದೆ. ಸುಳ್ಳು ಹೇಳಿದ್ದಕ್ಕೆ ಪಶ್ಚಾತ್ತಾಪವಿಲ್ಲ.

ಹುಮನಾಬಾದಿನಲ್ಲಿ ಡಬ್ಬಿ ಮಾರಿದವನ ಅಂಗಡಿ. ಗಾಜಿನ ಬಾಗಿಲು, ಒಳಗೆ ತಂಪು. ನಾನು ಪಿನ್ನು, ಮಗ್ಗುಲು, ವೋಲ್ಟು ಎಂದು ವಿವರಿಸುತ್ತಿದ್ದರೆ ಅವನು ನನ್ನ ಹೆಗಲ ಹಿಂದೆ ಬಾಗಿಲ ಕಡೆ ನೋಡುತ್ತಿದ್ದ. ಕೊನೆಗೆ ಕೇಳಿದ, ಗಂಡಸರು ಯಾರೂ ಬಂದಿಲ್ಲವೇನಕ್ಕಾ ಎಂದು. ಬಂದಿಲ್ಲ, ಮಷಿನು ಬಂದಿದೆ ನೋಡು ಎಂದೆ. ಡಬ್ಬಿಯ ಬಾಯೊಳಗೆ ಟಾರ್ಚು ಬಿಟ್ಟು ಅರೆಕ್ಷಣ ನೋಡಿ, ನೀರು ಬಿದ್ದಿದೆ, ಗ್ಯಾರಂಟಿ ಇಲ್ಲ, ಬೋರ್ಡು ಬೇರೆ ಸಿಗುವುದಿಲ್ಲ, ಹೊಸ ಡಬ್ಬಿ ತೆಗೆದುಕೊಳ್ಳಿ ಎಂದ. ಬಿಚ್ಚಿ ನೋಡಿ ಹೇಳು ಎಂದೆ. ಬಿಚ್ಚುವುದು ನಮ್ಮ ಕೆಲಸವಲ್ಲ ಎಂದ. ಮಾರುವುದೊಂದೇ ಕೆಲಸ ಮಾಡಿಕೊಂಡಿದ್ದಾನೆ, ಪುಣ್ಯವಂತ. ನೀರು ಬೀಳಿಸಿದವಳು ನಾನೇ ಎಂಬಂತೆ ನೋಡಿದ ಅವನ ನೋಟವನ್ನು ಬಾಗಿಲ ಹೊರಗೇ ಕೊಡವಿಕೊಂಡು ಆಟೋ ಹಿಡಿದೆ.

ಮಾಣಿಕನಗರದಲ್ಲಿ, ಮಠಕ್ಕೆ ಹೋಗುವ ದಾರಿಯಲ್ಲಿ, ಮೊಬೈಲು ರಿಪೇರಿ ಮಾಡುವ ಒಬ್ಬರ ಸಣ್ಣ ಅಂಗಡಿ ಇದೆ. ಐಟಿಐ ದಿನಗಳಲ್ಲಿ ನಾವು ಅವರ ಹತ್ತಿರ ಕೆಟ್ಟ ಬೋರ್ಡುಗಳನ್ನು ಬೇಡಿ ತಂದು ಅಭ್ಯಾಸ ಮಾಡುತ್ತಿದ್ದೆವು. ಐವತ್ತು ದಾಟಿದವರು, ಮಾತು ಕಡಿಮೆ. ಹೇಳಿದ್ದನ್ನು ಪೂರ್ತಿ ಕೇಳಿದರು. ಮೂರು ವಾರದಲ್ಲಿ ನನ್ನ ಮಾತನ್ನು ಪೂರ್ತಿ ಕೇಳಿದ ಮೊದಲ ಮನುಷ್ಯ. ಮೊದಲು ಲಿಥಿಯಂ ಬ್ಯಾಟರಿಯ ತಂತಿ ಬೇರೆ ಮಾಡು, ಚಿಮಟಾಗಳು ಒಂದಕ್ಕೊಂದು ತಾಗದಂತೆ ಸುತ್ತಿಡು ಎಂದರು. ಸ್ಕ್ರೂ ಬಿಚ್ಚಿದೆ. ಚಾರ್ಜಿಂಗ್ ಬೋರ್ಡನ್ನು ಹೊರಗೆಳೆದು ಅವರ ಸೂಕ್ಷ್ಮದರ್ಶಕದ ಕೆಳಗಿಟ್ಟೆ.

ಚಾರ್ಜಿಂಗ್ ಬಾಯಿಯ ಒಂದು ಮೂಲೆಯಲ್ಲಿ ಬೆಳ್ಳಗೆ ಏನೋ ಗಟ್ಟಿಯಾಗಿ ಕೂತಿತ್ತು. ಅದರಂಚಿಗೆ ಗುಲಾಬಿ ಬಣ್ಣ. ಅದರ ಕೆಳಗಿನ ಪಿನ್ನು ಹಸಿರು ಹಿಡಿದಿತ್ತು, ಪಿನ್ನಿಗೆ ಕೂಡಿದ ರೆಸಿಸ್ಟರು, ಅರ್ಧ ಸಾಸಿವೆ ಕಾಳಿನಷ್ಟು ಇರಬಹುದು, ಒಂದು ಕಡೆಯಿಂದ ಬೆಸುಗೆ ಬಿಟ್ಟು ಎದ್ದಿತ್ತು. ಇದೇನು ಸುಣ್ಣವೇ ಎಂದು ನಾನು ಅನ್ನುತ್ತಿದ್ದೆ. ಅವರು ಕಣ್ಣು ಎತ್ತದೆ ಕೇಳಿದರು: "ಡಬ್ಬಿಗಿ ಪೂಜಾ ಮಾಡೀರೇನ್ರಿ ತಂಗಿ?"

ಖಂಡೆ ಪೂಜೆ. ನವಮಿಯ ಆಯುಧ ಪೂಜೆಯ ದಿನ ಭಾವ ಅಂಗಡಿಯ ಪಾನಾ, ಮೀಟರು, ಗ್ರೈಂಡರು ಎಲ್ಲವನ್ನೂ ಸಾಲಾಗಿ ಇಟ್ಟಿದ್ದರು. ಈ ವರ್ಷದ ಹೊಸ ಆಯುಧವೆಂದು ಡಬ್ಬಿಗೆ ನಡುವಿನ ಜಾಗ. ಮೇಲ್ಮುಖವಾಗಿ ನಿಲ್ಲಿಸಿದಾಗ ಚಾರ್ಜಿಂಗ್ ಬಾಯಿ ನೆತ್ತಿಯ ಮೇಲೆ ಬಂದಿತ್ತು, ಅದರ ರಬ್ಬರ್ ಮುಚ್ಚಳ ಎಂದೋ ಕಿತ್ತುಹೋಗಿತ್ತು. ಭಾವ ವಿಭೂತಿ ಗಟ್ಟಿಯನ್ನು ನೀರಿನಲ್ಲಿ ತೇಯ್ದು, ಬಲಗೈಯ ಮೂರು ಬೆರಳಿನಿಂದ ಆ ನೆತ್ತಿಗೆ ದಪ್ಪಗೆ ಎಳೆದರು. ನಡುವೆ ಕುಂಕುಮ. ಮೇಲಿಂದ ಒಡೆದ ಕಾಯಿಯ ನೀರು ಚಿಮುಕಿಸಿದರು. ನಾನೇ ಆರತಿ ತಟ್ಟೆ ಹಿಡಿದು ನಿಂತಿದ್ದೆ. ಕಾಯಿನೀರಿನ ಉಪ್ಪು ಪಿನ್ನಿಗೆ ಇಳಿಯಿತು, ಚಾರ್ಜಿಗೆ ಹಾಕಿದಾಗಲೆಲ್ಲ ಆ ಪಿನ್ನನ್ನು ಸ್ವಲ್ಪ ಸ್ವಲ್ಪ ತಿಂದಿತು. ವಾರದಲ್ಲಿ ತಿಂದು ಮುಗಿಸಿತು.

ದಸರೆಯ ಮರುವಾರ ಬಾಯಿತುಂಬ ಕುಂಕುಮ ತುಂಬಿಕೊಂಡ ಫೋನುಗಳು ತಮ್ಮಲ್ಲಿಗೆ ಬರುತ್ತಲೇ ಇರುತ್ತವೆ ಎಂದು ಅವರು ನಕ್ಕರು. ನನಗೆ ನಗು ಬರಲಿಲ್ಲ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದರಂತೆ ಎಂಬ ಮಾತು ಕೇಳಿದ್ದೆ, ಇಲ್ಲಿ ಎಮ್ಮೆಯನ್ನೂ ಬಿಟ್ಟು ಎಮ್ಮೆಯ ಕರುವಿಗೆ ಹಾಕಿದ್ದರು. ದೋಷ ಮಾಡಿದ್ದು ಬಲಗೈ, ಭಕ್ತಿಯಿಂದ. ಶಿಕ್ಷೆ ನಾಲ್ಕು ವರ್ಷದ ಎಡಗೈಗೆ.

ನಾನೇ ಮಾಡುತ್ತೇನೆ ಎಂದೆ. ಅವರು ಸುಮ್ಮನೆ ಎದ್ದು ತಮ್ಮ ಸ್ಟೂಲು ಬಿಟ್ಟುಕೊಟ್ಟರು. ಸ್ಪಿರಿಟ್ಟಿನಲ್ಲಿ ಅದ್ದಿದ ಹಲ್ಲುಜ್ಜುವ ಬ್ರಶ್ಶಿನಿಂದ ಬಿಳಿಯನ್ನೆಲ್ಲ ತಿಕ್ಕಿ ತೆಗೆದೆ. ಪಿನ್ನಿನ ಹಸಿರನ್ನು ಸೂಜಿ ಮೊನೆಯಿಂದ ಕೆರೆದು ಹೊಸದಾಗಿ ಬೆಸೆದೆ. ಸತ್ತ ಪವರ್ ಬ್ಯಾಂಕಿನ ಬೋರ್ಡಿನಿಂದ ಅಷ್ಟೇ ಓಮ್‌ನ ರೆಸಿಸ್ಟರು ಕಿತ್ತು, ಮಲ್ಟಿಮೀಟರಿನಿಂದ ಅಳೆದು ನೋಡಿ, ಚಿಮುಟದಲ್ಲಿ ಹಿಡಿದು ಕೂರಿಸಿದೆ. ಕೆಲಸವೆಲ್ಲ ಎಡಗೈಯದೇ. ಸೂಕ್ಷ್ಮದರ್ಶಕದ ಕೆಳಗೆ ನನ್ನ ಬೆರಳ ತುದಿ ಬೆಟ್ಟದಷ್ಟು ದೊಡ್ಡದಾಗಿ ಕಾಣುತ್ತಿತ್ತು, ಅದರಲ್ಲಿ ಕೆಟ್ಟದ್ದೇನೂ ಕಾಣಲಿಲ್ಲ. ಜೋಡಿಸಿ ಹಚ್ಚಿದೆವು. ಬಲಕ್ಕೆ ಒಂಬತ್ತು, ಎಡಕ್ಕೆ ಒಂಬತ್ತು. ಹಳೆಯ ರೆಸಿಸ್ಟರನ್ನೂ ಕೆರೆದ ಬಿಳಿಯ ಪುಡಿಯನ್ನೂ ಕಾಗದದಲ್ಲಿ ಮಡಚಿ ಚೀಲದಲ್ಲಿಟ್ಟುಕೊಂಡೆ.

ಮನೆ ಸೇರುವಾಗ ದೀಪ ಹಚ್ಚುವ ಹೊತ್ತು. ಡಬ್ಬಿ ಕಾಣದೆ ಭಾವ ಅಂಗಡಿಯೆಲ್ಲ ಜಾಲಾಡಿ ಬಂದು ಪಡಸಾಲೆಯಲ್ಲಿ ಕೂತಿದ್ದರು. ಮಗಳ ಮುಂದೆ ಅತ್ತೆ ಆಗಷ್ಟೇ ತಾಟು ಇಟ್ಟಿದ್ದರು. ನಾನು ಯಾರ ಮುಖವನ್ನೂ ನೋಡದೆ ಅಡಾಪ್ಟರು ಸಿಕ್ಕಿಸಿ, ಮೀಟರು ಇಟ್ಟು, ಎಡಗೈಯಿಂದ, ಎಡ ಮಗ್ಗುಲಿಗೆ, ಕೇಬಲ್ಲು ಹಚ್ಚಿದೆ. ಒಂಬತ್ತು. ತಿರುಗಿಸಿ ಹಚ್ಚಿದೆ. ಒಂಬತ್ತು. ಭಾವ ಬಗ್ಗಿ ನೋಡಿದರು. ಎಲ್ಲಿಗೆ ಹೋಗಿದ್ದೆ ಎಂದು ಅತ್ತೆ ಕೇಳಿದರು. ಮಾಣಿಕನಗರ ಎಂದೆ.

ಅಷ್ಟು ಸಾಕಾಯಿತು. ಅತ್ತೆ ಎರಡೂ ಕೈ ಜೋಡಿಸಿ ಕಣ್ಣು ಮುಚ್ಚಿದರು. ಮಠದ ಹೊಸ್ತಿಲು ತುಳಿದು ಬಂದದ್ದಕ್ಕೇ ನನ್ನ ಕೈಯ ದೋಷ ಕಳೆಯಿತು ಎಂಬುದು ಅವರ ತೀರ್ಮಾನ. ನಾನು ಮಠದ ಕಡೆ ತಲೆ ಕೂಡ ಹಾಕಿರಲಿಲ್ಲ. ಮಗುವನ್ನೂ ಒಮ್ಮೆ ಕರೆದುಕೊಂಡು ಹೋಗೋಣ, ಅವಳ ಕೈಯೂ ನೆಟ್ಟಗಾಗುತ್ತದೆ, ಅಲ್ಲಿಯವರೆಗೆ ಪಟ್ಟಿ ಇರಲಿ ಎಂದರು. ಭಾವ ತಲೆಯಾಡಿಸಿದರು. ಕೆಟ್ಟದ್ದು ನನ್ನಿಂದ, ರಿಪೇರಿಯಾದದ್ದು ದೇವರಿಂದ. ನಡುವೆ ಸ್ಟೂಲಿನ ಮೇಲೆ ಕತ್ತು ನೋಯಿಸಿಕೊಂಡು ಕೂತವಳು ಲೆಕ್ಕಕ್ಕೇ ಇಲ್ಲ. ಸುಮ್ಮನಿದ್ದರೆ ಡಬ್ಬಿ ಮುಟ್ಟುವ ಹಕ್ಕು ಮರಳಿ ಸಿಗುತ್ತಿತ್ತು, ಎಲ್ಲರೂ ಖುಷಿಯಾಗಿರುತ್ತಿದ್ದರು. ಮಗಳ ಕೈಯ ಪಟ್ಟಿ ಮಾತ್ರ ಉಳಿಯುತ್ತಿತ್ತು.

ಕಾಗದ ಬಿಚ್ಚಿ ಭಾವನ ಮುಂದೆ ಇಟ್ಟೆ. "ಭಾವಾ, ನನ್ನ ಕೈಗಿ ಏನೂ ಆಗಿದ್ದಿಲ್ಲ್ರಿ. ಖಂಡೆ ಪೂಜಿ ದಿನ ನೀವು ಹಚ್ಚಿದ ಇಬತ್ತಿ ಒಳಗ ಹೋಗಿತ್ತು. ಇದು ಅದೇ. ನಾನs ಬಿಚ್ಚಿ, ಈ ಎಡಗೈಲೆ ಬೆಸದೀನಿ."

ಅತ್ತೆ ಶಿವಶಿವಾ ಎಂದರು. ಇಬತ್ತಿಗೆ ದೋಷ ಹೊರಿಸುತ್ತೀಯಾ ಎಂದು ಅವರ ಧ್ವನಿ ಏರಿತು. ಭಾವ ಕಾಗದವನ್ನು ಹತ್ತಿರ ಎಳೆದುಕೊಂಡರು. ಆ ಪುಡಿಯನ್ನು ಬೆರಳಲ್ಲಿ ಒತ್ತಿ, ಬೆಳಕಿಗೆ ಹಿಡಿದು ನೋಡಿದರು. ಅಂಚಿನ ಕುಂಕುಮದ ಬಣ್ಣ ಅವರಿಗೆ ಕಂಡಿತು, ಕಂಡದ್ದು ನನಗೆ ಕಂಡಿತು. ಎಷ್ಟಾದರೂ ಮೆಕ್ಯಾನಿಕ್ಕು, ಕಣ್ಣೆದುರಿನ ಕಿಲುಬನ್ನು ಇಲ್ಲ ಎನ್ನುವುದು ಅವರಿಂದ ಆಗಲಿಲ್ಲ. ತಪ್ಪಾಯಿತು ಎಂದೂ ಅನ್ನಲಿಲ್ಲ. ಕಾಗದ ಮಡಚುತ್ತ, ತಾಯಿಯ ಕಡೆ ತಿರುಗದೆಯೇ ಅಂದರು: "ಕೂಸಿನ ಕೈ ಬಿಚ್ಚಬೇ."

ತಮ್ಮ ಕೈಯಿಂದಲೇ ಬಿಚ್ಚುತ್ತೇನೆ ಎಂದಿದ್ದ ಅತ್ತೆ ಕೂತಲ್ಲಿಂದ ಏಳಲಿಲ್ಲ. ನಾನೇ ಬಿಚ್ಚಿದೆ. ಒಳಗೆ ಮಗಳ ಬೆರಳುಗಳು ಬೆವರಿ, ನೀರಿನಲ್ಲಿ ನೆನೆದಂತೆ ಬೆಳ್ಳಗೆ ಸುಕ್ಕಾಗಿದ್ದವು. ಅವುಗಳನ್ನು ನನ್ನ ಸೆರಗಿನಿಂದ ಒರೆಸಿ, ಉಣ್ಣು ಎಂದೆ.

ಅವಳು ತನ್ನ ಕೈಯನ್ನು ನೋಡಿಕೊಂಡಳು. ತನ್ನ ಅಜ್ಜಿಯ ಮುಖ ನೋಡಿದಳು. ಆಮೇಲೆ ಎಡಗೈಯನ್ನು ತೊಡೆಯ ಕೆಳಗೆ ಒತ್ತಿ ಇಟ್ಟುಕೊಂಡು, ಬಲಗೈ ಚಾಚಿ ರೊಟ್ಟಿ ಮುರಿಯಲು ಹೋದಳು. ಬರಲಿಲ್ಲ, ರೊಟ್ಟಿ ತಾಟಿನಿಂದ ಜಾರಿತು. ಯಾವ ಕೈ ಬೇಕೋ ಅದರಿಂದ ತಿನ್ನು, ಯಾರೂ ಏನೂ ಅನ್ನುವುದಿಲ್ಲ ಎಂದೆ. ಅವಳು ತಲೆಯಲ್ಲಾಡಿಸಿದಳು.

"ಬ್ಯಾಡವ್ವಾ. ಈ ಕೈ ಚೊಲೊ ಅದ," ಎಂದು ಬಲಗೈ ತೋರಿಸಿದಳು.

ಬೋರ್ಡಿಗೆ ಒಂದು ಮಧ್ಯಾಹ್ನ ಸಾಕಾಗಿತ್ತು. ಇದು ಎಷ್ಟು ದಿನದ ಕೆಲಸವೋ ನನಗೆ ತಿಳಿಯಲಿಲ್ಲ. ಅತ್ತೆ ನೋಡುತ್ತಿದ್ದರು, ಭಾವ ನೋಡುತ್ತಿದ್ದರು. ಮದುವೆಯಾಗಿ ಆರು ವರ್ಷದಲ್ಲಿ ಆ ಮನೆಯಲ್ಲಿ ನಾನು ಒಂದು ತುತ್ತನ್ನೂ ಎಡಗೈಯಿಂದ ಉಂಡಿರಲಿಲ್ಲ. ಮಗಳ ಎದುರಿಗೆ ಚಕ್ಕಳಮಕ್ಕಳ ಹಾಕಿ ಕೂತು, ಅವಳ ತಾಟಿನ ರೊಟ್ಟಿಯನ್ನು ಎಡಗೈಯಿಂದ ಮುರಿದು ಬಾಯಿಗೆ ಇಟ್ಟುಕೊಂಡೆ.